ಡಾಕ್ಟ್ರಮ್ಮನ ಕಾರಿನ ಹೊಗೆ

ರಿಪೇರಿ ಷೆಡ್ಡು ಇಟ್ಟುಕೊಂಡವನ ಬಳಿಗೆ ಕೆಟ್ಟ ಗಾಡಿಗಳು ಬರುತ್ತವೆ. ಅದರಲ್ಲಿ ಹೇಳಿಕೊಳ್ಳುವಂಥದ್ದೇನೂ ಇಲ್ಲ. ಆದರೆ ಒಂದೊಂದು ಗಾಡಿಯ ಜೊತೆಗೂ ಅದನ್ನು ಕೆಡಿಸಿದವರು, ಅದು ಯಾಕೆ ಕೆಟ್ಟಿತೆಂದು ಬಲ್ಲವರು, ಅದನ್ನು ಇನ್ನಷ್ಟು ಕೆಡಿಸಲು ಉಪಾಯ ಹೇಳುವವರು ಬಂದೇ ಬರುತ್ತಾರೆ. ಹಾಗಾಗಿ ಹೊಳಲ್ಕೆರೆಯಲ್ಲಿ ಚಿತ್ರದುರ್ಗದ ರಸ್ತೆಗೆ ಮುಖ ಮಾಡಿಕೊಂಡಿದ್ದ ನನ್ನ ತಗಡಿನ ಷೆಡ್ಡಿನಲ್ಲಿ ಕೆಲಸಕ್ಕೆ ಬರ ಬಂದರೂ ನಗೆಗೆ ಬರ ಬಂದದ್ದಿಲ್ಲ. ಎಪ್ಪತ್ತರ ದಶಕದ ಒಂದು ಚಳಿಗಾಲದಲ್ಲಿ ಒಂದೇ ಒಂದು ಕಾರು ನನ್ನನ್ನು ಎಷ್ಟು ಸಲ ಪೆದ್ದನನ್ನಾಗಿ ಮಾಡಿತು ಎಂಬುದನ್ನು ಇಲ್ಲಿ ಹೇಳುತ್ತೇನೆ. ಆಗ ನಗು ಬಂದಿರಲಿಲ್ಲ. ಈಗ ನೆನೆದರೆ ಒಬ್ಬನೇ ಕೂತು ನಗುತ್ತೇನೆ.

೧. ಹೊಗೆ ಕಂಡರೆ ನೀರು ಕಾಯಿಸಿ

ನಮ್ಮೂರಿನಲ್ಲಿ ಹೆರಿಗೆಗೆ ಹೆಸರಾದ ಒಬ್ಬ ಡಾಕ್ಟ್ರಮ್ಮ ಇದ್ದರು. ಮೈಸೂರು ಕಡೆಯವರು. ಕುಳ್ಳಗೆ, ಗಟ್ಟಿ ದನಿ. ಸುತ್ತಲ ಹಳ್ಳಿಗಳಿಂದ ಕರೆ ಬಂದರೆ ಊಟದ ತಟ್ಟೆ ಬಿಟ್ಟು ಎದ್ದು ಹೋಗುವ ಜೀವ. ಅವರದ್ದೊಂದು ಬೂದು ಬಣ್ಣದ ಹಳೆಯ ಕಾರು. ಅದನ್ನು ಓಡಿಸುವವನು ಹಣೆ ತುಂಬ ವಿಭೂತಿ ಬಳಿದ, ಬಿಳಿ ಅಂಗಿ ಬಿಟ್ಟು ಬೇರೆ ತೊಡದ ಒಬ್ಬ ಡ್ರೈವರಣ್ಣ. ಸ್ಟಿಯರಿಂಗಿಗೆ ಕೈಮುಗಿಯದೆ ಅವನು ಗಾಡಿ ಹತ್ತಿದ್ದನ್ನು ಯಾರೂ ಕಂಡಿಲ್ಲ.

ಆ ಕಾರು ಹೊಗೆ ಬಿಡುತ್ತಿತ್ತು. ಸ್ವಲ್ಪವಲ್ಲ. ನಮ್ಮದು ಬಯಲು ಸೀಮೆ. ಎರಡು ಮೈಲಿ ಆಚೆ ಕುರಿ ಮಂದೆ ನಡೆದರೂ ಧೂಳು ಕಾಣುತ್ತದೆ. ಇನ್ನು ಈ ಕಾರಿನ ನೀಲಿ ಹೊಗೆ ಕಾಣದೆ ಇರುತ್ತದೆಯೇ? ದೂರದಲ್ಲಿ ಹೊಗೆ ಎದ್ದ ಕೂಡಲೇ ಹಳ್ಳಿಯ ಹೆಂಗಸರು, "ಡಾಕ್ಟ್ರಮ್ಮನ ಹೊಗೆ ಬಂತು, ಹಂಡೆಗೆ ಉರಿ ಹಾಕ್ರೇ" ಎಂದು ಕೂಗುತ್ತಿದ್ದರು. ಕಾರು ಬಾಗಿಲಿಗೆ ಬರುವಷ್ಟರಲ್ಲಿ ನೀರು ಕುದಿಯುತ್ತಿರುತ್ತಿತ್ತು. ಹತ್ತು ಹಳ್ಳಿಗಳಲ್ಲಿ ಅದೇ ಪದ್ಧತಿ.

ದೀಪಾವಳಿ ಕಳೆದ ಮೇಲೆ ಒಂದು ಬೆಳಿಗ್ಗೆ ಡಾಕ್ಟ್ರಮ್ಮ ಆ ಕಾರಿನಲ್ಲೇ ನನ್ನ ಷೆಡ್ಡಿಗೆ ಬಂದರು. ಹೊಗೆ ಮೊದಲು ಬಂತು, ಕಾರು ಆಮೇಲೆ ಬಂತು, ಡಾಕ್ಟ್ರಮ್ಮ ಕೆಮ್ಮುತ್ತ ಕೊನೆಗೆ ಇಳಿದರು.

"ಏನ್ರೀ ಮೇಸ್ತ್ರಿ, ನಿನ್ನೆ ಹೋದ ಮನೇಲಿ ಬಸುರಿ ಹೆಂಗಸಿಗಿಂತ ನಾನೇ ಜಾಸ್ತಿ ಏದುಸಿರು ಬಿಟ್ಟೆ. ದಾರೀಲಿ ಎರಡು ಸಲ ಗಾಡಿ ನಿಂತುಹೋಯ್ತು. ಬೇಗ ಇದನ್ನ ಸರಿಮಾಡಿ. ಆಗಲ್ಲ ಅಂದರೆ ಈಗಲೇ ಹೇಳಿಬಿಡಿ, ಇನ್ನು ಮೇಲೆ ನಾನು ಹಳ್ಳಿಗೆ ಹೋಗೋದು ನಿಲ್ಲಿಸ್ತೀನಿ. ಹೆರೋರೇ ಇಲ್ಲಿಗೆ ಬರಲಿ" ಎಂದರು.

ನನ್ನ ಕೈಯಲ್ಲಿದ್ದ ಸ್ಪ್ಯಾನರ್ ಕೆಳಗೆ ಬಿತ್ತು. ಯಾಕೆಂದರೆ ಆ ಹೊತ್ತಿಗೆ ನನ್ನ ಹೆಂಡತಿ ತುಂಬು ಬಸುರಿ. ಚಿಕ್ಕಜಾಜೂರಿನ ಆಚೆಗಿನ ಹಳ್ಳಿಯಲ್ಲಿ ತವರಿನಲ್ಲಿದ್ದಳು. ಅದಕ್ಕೆ ಮುಂಚೆ ನಮಗೊಂದು ಕೂಸಾಗಿತ್ತು, ಉಳಿಯಲಿಲ್ಲ. ಎತ್ತಿನ ಗಾಡಿಯಲ್ಲಿ ಅವಳನ್ನು ಹೊಳಲ್ಕೆರೆಗೆ ಮುಟ್ಟಿಸುವಷ್ಟರಲ್ಲಿ ತಡವಾಗಿತ್ತು. ಈ ಸಲ ಡಾಕ್ಟ್ರಮ್ಮನೇ ಮನೆಗೆ ಬರುತ್ತಾರೆ ಎಂದು ನಾನು ಹೆಂಡತಿಗೆ ಕೈಮೇಲೆ ಕೈಯಿಟ್ಟು ಮಾತು ಕೊಟ್ಟಿದ್ದೆ. ಆ ಮಾತು ಈಗ ಈ ಕಾರಿನ ಮೇಲೆ ನಿಂತಿತ್ತು.

"ಸರಿ ಮಾಡ್ತೀನಿ ಅಮ್ಮಾ, ಖಂಡಿತ ಮಾಡ್ತೀನಿ" ಎಂದೆ.

ಡಾಕ್ಟ್ರಮ್ಮ ಅತ್ತ ತಿರುಗಿದ ಕೂಡಲೇ ಡ್ರೈವರಣ್ಣ ನನ್ನ ಕಿವಿಯ ಹತ್ತಿರ ಬಂದು ಹೇಳಿದ: "ಹೊಗೆ ಪೂರ್ತಿ ತೆಗೀಬ್ಯಾಡ್ರಿ ಮೇಸ್ತ್ರಿ. ಅದೈತೆ ಅಂತಾನೇ ಹಳ್ಳಿಗಳಾಗೆ ನಮಗೆ ಮರ್ಯಾದಿ."

೨. ಕೆಮ್ಮಿದವರಿಗೆಲ್ಲ ಕ್ಷಯ

ನನ್ನ ಷೆಡ್ಡಿನ ಮುಂದೆ ಒಂದು ಬೇವಿನ ಮರ. ಅದರ ಕೆಳಗೆ ಒಂದು ಕಲ್ಲು ಬೆಂಚು. ಬೆಂಚಿನ ಮೇಲೆ ಕೂತವರಿಗೆ ಎಂಜಿನ್ನಿನ ಜ್ಞಾನ ತಾನಾಗಿ ಬರುತ್ತದೆ.

ಭೀಮಸಮುದ್ರದ ಅಡಿಕೆ ವ್ಯಾಪಾರಿಯೊಬ್ಬರು ಬಸ್ಸಿಗೆ ಕಾಯುತ್ತಿದ್ದರು. ಬಾನೆಟ್ಟಿನ ಕಡೆ ನೋಡಿದ್ದೇ, "ಇದರ ಬೋರು ಹೋಗೈತೆ" ಎಂದರು, ಪಿಸ್ಟನ್ ಓಡಾಡುವ ಕೊಳವೆ ಸವೆದಿದೆ ಎಂಬರ್ಥದಲ್ಲಿ. ಅವರ ಜೊತೆಗಿದ್ದವರು, "ಬೋರಲ್ಲ ಮಾರಾಯ್ರೆ, ಪೆಟ್ರೋಲಿಗೆ ಸೀಮೆಎಣ್ಣೆ ಬೆರೆಸವ್ರೆ" ಎಂದರು. ದನದ ಆಸ್ಪತ್ರೆಯ ಕಾಂಪೌಂಡರ್ ಸೈಕಲ್ಲಿನಿಂದ ಇಳಿಯದೆ ಒಂದು ಕಾಲು ನೆಲಕ್ಕೆ ಕೊಟ್ಟು, ಸೈಲೆನ್ಸರಿನ ಹೊಗೆಯನ್ನು ಮೂಸಿ, "ಅಜೀರ್ಣ" ಎಂದ.

ನಾನು ಅವರಿಗಿಂತ ಮೇಲಿನವನೆಂದು ತೋರಿಸಬೇಡವೇ? ಉದ್ದನೆಯ ಸ್ಕ್ರೂಡ್ರೈವರಿನ ಮೂತಿಯನ್ನು ಎಂಜಿನ್ನಿಗೆ ಒತ್ತಿ, ಹಿಡಿಯನ್ನು ಕಿವಿಗೆ ಕೊಟ್ಟು, ಕಣ್ಣು ಮುಚ್ಚಿ, ತಲೆ ಆಡಿಸಿ, ಎಲ್ಲರಿಗೂ ಕೇಳುವಂತೆ ಹೇಳಿದೆ: "ಬೋರು ಹೋಗೈತೆ ಅಮ್ಮಾ. ಎಂಜಿನ್ ಪೂರಾ ಇಳಿಸ್ಬೇಕು. ದುರ್ಗಕ್ಕೆ ಒಯ್ದು ಬೋರ್ ಹೊಡಿಸಿ, ಪಿಸ್ಟನ್ನು ರಿಂಗು ಹೊಸದು ಹಾಕ್ಬೇಕು. ಎರಡು ತಿಂಗಳಾದ್ರೂ ಹಿಡೀತೈತೆ."

ಎರಡು ತಿಂಗಳು ಎಂದು ನನ್ನ ಬಾಯಲ್ಲೇ ಬಂದ ಮೇಲೆ ಬೆರಳು ಮಡಚಿ ಲೆಕ್ಕ ಹಾಕಿದೆ. ಅಷ್ಟರಲ್ಲಿ ನನ್ನ ಹೆಂಡತಿಗೆ ದಿನ ತುಂಬಿಬಿಟ್ಟಿರುತ್ತಿತ್ತು.

ಡಾಕ್ಟ್ರಮ್ಮ ಕನ್ನಡಕ ಸರಿಮಾಡಿಕೊಂಡು ಕೇಳಿದರು: "ಏನು ಪರೀಕ್ಷೆ ಮಾಡಿ ಹೇಳಿದ್ರಿ?"

"ಹೊಗೆ ನೋಡಿ ಹೇಳ್ದೆ ಅಮ್ಮಾ."

"ಸರಿ. ನಾಳೆಯಿಂದ ನನ್ನ ಹತ್ತಿರ ಬಂದು ಕೆಮ್ಮಿದವರಿಗೆಲ್ಲ ಕ್ಷಯ ಅಂತ ಬರೆದುಕೊಡ್ಲಾ?"

ಬೆಂಚು ಗೊಳ್ಳೆಂದಿತು. ನನಗೆ ಮೈಯೆಲ್ಲ ಉರಿಯಿತು. ತೋರಿಸಿಯೇ ಬಿಡುತ್ತೇನೆ ಎಂದು ನಾಲ್ಕು ಪ್ಲಗ್ಗು ಬಿಚ್ಚಿದೆ. ಬೋರು ಹೋಗಿದ್ದರೆ ಪ್ಲಗ್ಗಿನ ತೂತಿಗೆ ಹೆಬ್ಬೆರಳು ಒತ್ತಿ ಹಿಡಿದು ಎಂಜಿನ್ ತಿರುಗಿಸಿದರೆ ಗಾಳಿ ಬೆರಳಿಗೆ ಮುತ್ತು ಕೊಟ್ಟ ಹಾಗಿರುತ್ತದೆ, ಅಷ್ಟೆ. ಡ್ರೈವರಣ್ಣ ಮುಂದೆ ಹ್ಯಾಂಡಲ್ ತಿರುಗಿಸಿದ. ಮೊದಲನೇ ತೂತು ನನ್ನ ಹೆಬ್ಬೆರಳನ್ನು ಟಪ್ಪೆಂದು ಎಗರಿಸಿತು. ಎರಡನೆಯದೂ ಎಗರಿಸಿತು. ಮೂರು, ನಾಲ್ಕು, ಎಲ್ಲವೂ ಹಾಗೆಯೇ. ಬೋರು ಕಲ್ಲಿನಂತೆ ಗಟ್ಟಿಯಾಗಿತ್ತು.

ಒಳಗೊಳಗೆ ನನಗೆ ಎಷ್ಟು ಸಮಾಧಾನವಾಯಿತೆಂದರೆ ಆ ಕಾರನ್ನು ತಬ್ಬಿಕೊಳ್ಳಬೇಕೆನ್ನಿಸಿತು. ಆದರೆ ಹತ್ತು ಜನರ ಮುಂದೆ ಮುಖ ಎಲ್ಲಿಡುವುದು? ಬೆರಳು ಒರೆಸಿಕೊಳ್ಳುತ್ತ ನಿಂತೆ.

"ಏನಾಯ್ತು?" ಎಂದರು ಡಾಕ್ಟ್ರಮ್ಮ.

"ಬೋರು ಚೆನ್ನಾಗೈತೆ ಅಮ್ಮಾ" ಎಂದೆ, ಸಾವಿನ ಸುದ್ದಿ ಹೇಳುವವನ ದನಿಯಲ್ಲಿ.

ಸೈಕಲ್ಲಿನ ಮೇಲಿಂದಲೇ ದನದ ಕಾಂಪೌಂಡರ್ ಹೇಳಿದ: "ನಾನು ಆವಾಗ್ಲೇ ಅಜೀರ್ಣ ಅನ್ಲಿಲ್ವಾ?"

೩. ಬೆಳ್ಳಿ ಮುಖ

ಬೋರು ಸರಿಯಿದ್ದರೆ ಹೊಗೆ ಎಲ್ಲಿಂದ? ಮತ್ತೆ ಪ್ಲಗ್ಗು ಹಾಕಿ, ಎಂಜಿನ್ ಶುರು ಮಾಡಿಸಿ, ಸುಮ್ಮನೆ ನೋಡುತ್ತ ನಿಂತೆ. ಎಣ್ಣೆ ಅಳೆಯುವ ಕಡ್ಡಿ ಅದರ ತೂತಿನಿಂದ ಒಂದು ಗೇಣು ಮೇಲೆ ಎದ್ದಿತ್ತು. ಒತ್ತಿ ಕೂರಿಸಿದೆ. ಮತ್ತೆ ಎದ್ದಿತು. ಒಳಗೆ ಗಾಳಿ ತುಂಬಿಕೊಂಡು, ಹೊರಗೆ ಹೋಗಲು ದಾರಿಯಿಲ್ಲದೆ ಒದ್ದಾಡುತ್ತಿದೆ ಎಂದು ಆಗ ಹೊಳೆಯಿತು.

ಎಂಜಿನ್ನಿನ ಒಳಗೆ ಎಣ್ಣೆ ಕಾದು ಹಬೆಯೇಳುತ್ತದೆ. ಮೇಲಿನ ಎಣ್ಣೆ ಮುಚ್ಚಳದಲ್ಲಿರುವ ಸಣ್ಣ ತೂತುಗಳಿಂದ ಹೊಸ ಗಾಳಿ ಒಳಗೆ ಬರಬೇಕು. ಪಕ್ಕದಲ್ಲಿರುವ ಒಂದು ತಗಡಿನ ಡಬ್ಬಿಯ ಮೂಲಕ ಹಬೆ ಹೊರಗೆ ಹೋಗಬೇಕು. ಆ ಡಬ್ಬಿಯೊಳಗೆ ತಂತಿಯ ಬಲೆ. ಹಬೆಯಲ್ಲಿರುವ ಎಣ್ಣೆ ಬಲೆಗೆ ಅಂಟಿ, ಹನಿಯಾಗಿ ಮತ್ತೆ ಕೆಳಕ್ಕೆ ಇಳಿಯುತ್ತದೆ. ಬರಿ ಗಾಳಿ ಮುಂದಕ್ಕೆ ಹೋಗುತ್ತದೆ. ನಾವು ಅದನ್ನು ಬ್ರೀದರ್ ಡಬ್ಬಿ ಎನ್ನುತ್ತಿದ್ದೆವು. ಅದು ಕಟ್ಟಿಕೊಂಡರೆ ಎಣ್ಣೆ ಹೋಗಬಾರದ ಕಡೆಗೆಲ್ಲ ನುಗ್ಗಿ ಉರಿದು ಹೊಗೆಯಾಗುತ್ತದೆ.

ಮುಚ್ಚಳದ ತೂತುಗಳನ್ನು ನೋಡೋಣವೆಂದು ಬಗ್ಗಿದೆ. ತೂತುಗಳಿರಲಿಲ್ಲ. ಮುಚ್ಚಳ ಫಳಫಳ ಹೊಳೆಯುತ್ತಿತ್ತು. ಮುಚ್ಚಳವೇನು, ಇಡೀ ಎಂಜಿನ್ನಿಗೆ ಬೆಳ್ಳಿ ಬಣ್ಣ ಹೊಡೆದಿತ್ತು. ದೇವರ ಬೆಳ್ಳಿ ಮುಖವಾಡದ ಹಾಗೆ ಕಾಣುತ್ತಿತ್ತು.

"ಏನಣ್ಣಾ ಇದು?" ಎಂದೆ ಡ್ರೈವರಣ್ಣನಿಗೆ.

ಅವನ ಮುಖ ಅರಳಿತು. "ಹೆಂಗೈತೆ ನೋಡ್ರಿ! ಪ್ರತಿ ಆಯುಧ ಪೂಜೆಗೂ ತೊಳ್ದು ಒಂದು ಕೋಟು ಹೊಡೀತೀನಿ. ಐದು ವರ್ಷದಿಂದ ಒಂದು ಸಲಾನೂ ತಪ್ಸಿಲ್ಲ."

"ಈ ಮುಚ್ಚಳದಾಗೆ ತೂತು ಇದ್ವಲ್ಲಾ?"

"ಇದ್ವು. ನಮ್ ಸೀಮೆ ಗಾಳಿ ಗೊತ್ತಲ್ರಿ, ಧೂಳೆಲ್ಲ ಒಳೀಕೆ ಹೋಗ್ತೈತೆ. ಅದ್ಕೇ ಮೊದ್ಲು ಗಂಧ ಕುಂಕುಮ ಕಲಸಿ ತೂತಿಗೆ ಮೆತ್ತಿ, ಅದರ ಮ್ಯಾಲೆ ಎರಡು ಕೋಟು ಜಾಸ್ತಿ ಹೊಡ್ದೆ."

ಡಾಕ್ಟ್ರಮ್ಮ ಮುಂದೆ ಬಂದು ಬಗ್ಗಿ ನೋಡಿದರು. ನೆಟ್ಟಗಾದರು. ಸೆರಗನ್ನು ಬಾಯಿಗೆ ಅಡ್ಡ ಹಿಡಿದರು. ಅವರು ನಗುತ್ತಿದ್ದಾರೋ ಅಳುತ್ತಿದ್ದಾರೋ ಸ್ವಲ್ಪ ಹೊತ್ತು ತಿಳಿಯಲಿಲ್ಲ. "ಅಲ್ಲಯ್ಯಾ, ಐದು ವರ್ಷದಿಂದ ಇದರ ಮೂಗು ಮುಚ್ಚಿಬಿಟ್ಟು ಮುಂದೆ ಊದಿನಕಡ್ಡಿ ಹಚ್ಚಿದ್ದೀಯಾ!" ಎಂದರು.

"ಭಕ್ತಿಯಿಂದಾನೇ ಮುಚ್ಚಿದ್ದು ಅಮ್ಮಾವ್ರೆ" ಎಂದ ಅವನು, ಗಾಬರಿಯಾಗಿ.

ಎಂಜಿನ್ ಓಡುತ್ತಿದ್ದ ಹಾಗೆಯೇ ನಾನು ಮುಚ್ಚಳ ತಿರುಗಿಸಿದೆ. ನಿಲ್ಲಿಸಿ ತಿರುಗಿಸಬೇಕಾಗಿತ್ತು, ಅದು ನನ್ನ ತಪ್ಪು. ಬುಸ್ಸೆಂದು ಒಳಗಿನ ಎಣ್ಣೆ ಹಾರಿ, ಮುಂದೆ ಬಗ್ಗಿ ನಿಂತಿದ್ದ ಡ್ರೈವರಣ್ಣನ ಬಿಳಿ ಅಂಗಿಗೂ ವಿಭೂತಿಗೂ ಅಭಿಷೇಕವಾಯಿತು. ನಾಲ್ಕೈದು ನಿಮಿಷದಲ್ಲಿ ಸೈಲೆನ್ಸರಿನ ಹೊಗೆ ಅರ್ಧಕ್ಕೆ ಇಳಿಯಿತು.

ಅವನು ಕಣ್ಣುಗಳನ್ನಷ್ಟೇ ಒರೆಸಿಕೊಂಡು, ಆ ಎಣ್ಣೆ ಮುಖದಲ್ಲೇ ಕೈಮುಗಿದು ಹೇಳಿದ: "ಐದು ವರ್ಷ ಪೂಜೆ ಮಾಡಿದ್ಕೆ ಇವತ್ತು ಪ್ರಸಾದ ಸಿಕ್ತು."

೪. ಹಿರಿಯೂರಿನ ಪೂಜೆ ಡಬ್ಬಿ

ಮುಚ್ಚಳದ ತೂತುಗಳನ್ನು ದಬ್ಬಣದಿಂದ ಬಿಡಿಸಿದ್ದಾಯಿತು. ಆದರೆ ಬ್ರೀದರ್ ಡಬ್ಬಿ ಬಿಚ್ಚಿದರೆ ಒಳಗೆ ತಂತಿಯ ಬಲೆಯೇ ಇರಲಿಲ್ಲ. ಬಲೆ ಪುಡಿಯಾಗಿ, ಎಣ್ಣೆಯ ಗಸಿಯ ಜೊತೆ ಸೇರಿ ಹಳೆಯ ಬೆಲ್ಲದ ಹಾಗೆ ಗಟ್ಟಿಯಾಗಿತ್ತು. ಡಬ್ಬಿಯ ತಳವೂ ತುಕ್ಕು ಹಿಡಿದು ತೂತುಬಿದ್ದಿತ್ತು. ಹೊಸದೇ ಬೇಕು. ಚಿತ್ರದುರ್ಗದ ಸಾಮಾನಿನ ಅಂಗಡಿಗೆ ಹೋದರೆ, "ಅದನ್ನ ಯಾರೂ ಕೇಳಿದ್ದೇ ಇಲ್ಲ, ಬೆಂಗಳೂರಿಂದ ತರಿಸ್ಬೇಕು, ಯಾವಾಗ ಬರ್ತೈತೋ ಹೇಳಾಕಾಗಲ್ಲ" ಎಂದರು. ದಿನಗಳು ಹೋಗುತ್ತಿದ್ದವು. ಹಿರಿಯೂರಿನಲ್ಲಿ ಹೆದ್ದಾರಿ ಪಕ್ಕದಲ್ಲಿ ಒಂದು ಗುಜರಿ ಇದೆ, ಅಲ್ಲಿ ಅದೇ ಜಾತಿಯ ನುಜ್ಜುಗುಜ್ಜಾದ ಕಾರು ಬಿದ್ದಿದೆ ಎಂದು ಯಾರೋ ಹೇಳಿದರು. ಬಸ್ಸು ಹತ್ತಿದೆ.

ಕಾರು ಇತ್ತು. ಅದರ ಬ್ರೀದರ್ ಡಬ್ಬಿಯ ಜಾಗ ಖಾಲಿ ಇತ್ತು.

ಗುಜರಿಯ ಯಜಮಾನ ತಲೆ ಕೆರೆದುಕೊಂಡ. "ಅದು ಐತ್ರಿ. ಆದ್ರೆ ಮನೆಯಾಗೈತೆ. ನಮ್ಮ ಮನೆಯಾಕೀನ ಕೇಳ್ಬೇಕು."

ಹಿಂದೆಯೇ ಇದ್ದ ಮನೆಯೊಳಗೆ ಹೋಗಿ ನೋಡಿದರೆ, ನನ್ನ ಬ್ರೀದರ್ ಡಬ್ಬಿ ದೇವರ ಗೂಡಿನ ಮುಂದೆ ಬೋರಲಾಗಿ ಕೂತಿದೆ! ಮೈತುಂಬ ಅರಿಶಿನ ಕುಂಕುಮ. ಎಣ್ಣೆ ಇಳಿಯಲೆಂದು ತಳದಲ್ಲಿ ಕೊಟ್ಟ ತೂತುಗಳಲ್ಲಿ ಏಳು ಊದಿನಕಡ್ಡಿ ಉರಿಯುತ್ತಿವೆ. ನೋಡಿದರೆ ಅದಕ್ಕೆಂದೇ ಮಾಡಿಸಿದ ಹಾಗಿತ್ತು.

"ಅಕ್ಕಾ, ಅದು ಕಾರಿನ ಸಾಮಾನು" ಎಂದೆ.

"ಆವಾಗ ಆಗಿತ್ತು. ಈಗ ದೇವ್ರದ್ದು" ಎಂದಳು ಆಕೆ. "ದೇವ್ರ ಮುಂದೆ ಇಟ್ಟಿದ್ದನ್ನ ಎತ್ತಿ ಕೊಡಾಕಾಗಲ್ಲಪ್ಪ."

ನಾನು ಎಂಜಿನ್ನಿನ ಹಬೆ, ಎಣ್ಣೆ, ತಂತಿಯ ಬಲೆ ಎಲ್ಲ ವಿವರಿಸಿದೆ. ಆಕೆ ಒಲೆಯ ಕಡೆ ತಿರುಗಿ ಕೂತಳು. ಬೇರೆ ದಾರಿಯಿಲ್ಲದೆ ಮನೆಯ ಕಥೆ ಹೇಳಿದೆ: ಹೋದ ಕೂಸು, ಎತ್ತಿನ ಗಾಡಿ, ಡಾಕ್ಟ್ರಮ್ಮ, ತುಂಬಿದ ಬಸುರಿ. ಆಕೆ ಸಟ್ಟನೆ ಎದ್ದಳು.

"ಬಸುರಿ ಹೆಂಗಸಿನ ವಿಷ್ಯ ಅಂತ ಮೊದ್ಲೇ ಹೇಳಾಕೇನಾಗಿತ್ತು? ಹಬೆ ಗಿಬೆ ಅಂತ ಅರ್ಧ ಗಂಟೆ ಕೊರದ್ರಲ್ಲಾ! ಕೊಡ್ತೀನಿ. ಆದ್ರೆ ಸಂಜೆ ದೀಪ ಹಚ್ಚೋ ಹೊತ್ಗೆ ದೇವ್ರ ಮುಂದೆ ಬರಿದು ಇರಬಾರ್ದು. ಬದಲಿ ಏನಾರ ತಂದಿಡ್ರಿ."

ಪೇಟೆಗೆ ಓಡಿ ಒಂದು ಹಿತ್ತಾಳೆಯ ಊದಿನಕಡ್ಡಿ ಸ್ಟ್ಯಾಂಡು ತಂದೆ. ಆಕೆ ಅದನ್ನು ತಿರುಗಿಸಿ ತಿರುಗಿಸಿ ನೋಡಿ, ಮೂರೇ ತೂತು ಎಂದು ಮುಖ ಸಿಂಡರಿಸಿದಳು. ನಾನು ಡಬ್ಬಿಯನ್ನು ಟವಲ್ಲಿನಲ್ಲಿ ಸುತ್ತಿಕೊಂಡು ಹೊಸಿಲು ದಾಟುವಾಗ ಹಿಂದಿನಿಂದ ಕೂಗಿದಳು: "ಇನ್ಯಾವುದಾದ್ರೂ ಕಾರು ನುಜ್ಜಾದ್ರೆ ಅದರದ್ದು ತಂದ್ಕೊಡ್ರಪ್ಪ. ಈ ಅಂಗಡಿ ಮಾಲು ಬಾಳಿಕೆ ಬರಲ್ಲ!"

೫. ಹೊಸದುರ್ಗದ ಬಸ್ಸಿನಲ್ಲಿ

ವಾಪಸು ಬರುವಾಗ ಹೊಸದುರ್ಗದ ಮೇಲೆ ಬಂದೆ. ಹೊಸದುರ್ಗದಲ್ಲಿ ಬಸ್ಸು ಬದಲಿಸಿ ಕೂತಾಗ ಪಕ್ಕಕ್ಕೆ ಒಬ್ಬ ಅಜ್ಜಿ ಬಂದು ಕೂತಳು. ನನ್ನ ತೊಡೆಯ ಮೇಲೆ ಟವಲ್ಲು ಸರಿದು ಡಬ್ಬಿ ಕಾಣುತ್ತಿತ್ತು. ಕುಂಕುಮ, ಊದಿನಕಡ್ಡಿಯ ವಾಸನೆ ಎರಡೂ ಗಮ್ಮೆನ್ನುತ್ತಿದ್ದವು. ಅಜ್ಜಿ ಚಪ್ಪಲಿ ಬಿಟ್ಟು ಕಾಲು ಮಡಚಿಕೊಂಡಳು.

"ಯಾವ ದೇವ್ರಪ್ಪಾ?"

"ದೇವ್ರಲ್ಲಜ್ಜಿ, ಕಾರಿನ ಡಬ್ಬಿ."

ಅಜ್ಜಿ ನನ್ನ ಪರವಾಗಿ ತಾನೇ ಕೆನ್ನೆ ಬಡಿದುಕೊಂಡಳು. "ಹಂಗನ್ಬಾರ್ದು. ಯಾತಕ್ಕೆ ಒಯ್ತಾ ಇದೀಯ?"

"ಹೆರಿಗೆ ಮಾಡ್ಸೋ ಡಾಕ್ಟ್ರಮ್ಮನ ಕಾರಿಗೆ. ಇದಿಲ್ಲ ಅಂದ್ರೆ ಕಾರು ಹಳ್ಳಿಗೆ ಬರಾಕಿಲ್ಲ."

"ಮತ್ತೆ ಅದು ದೇವ್ರಲ್ದೆ ಇನ್ನೇನು?" ಎಂದು ಅಜ್ಜಿ ಡಬ್ಬಿಯನ್ನು ಮುಟ್ಟಿ ಕಣ್ಣಿಗೊತ್ತಿಕೊಂಡಳು. ಅವಳನ್ನು ನೋಡಿ ಮುಂದಿನ ಸೀಟಿನ ಹೆಂಗಸು ಮುಟ್ಟಿದಳು. ಅವಳ ಮುಡಿಯಿಂದ ಒಂದು ಸೇವಂತಿಗೆ ಡಬ್ಬಿಯ ಮೇಲೆ ಬಂತು. ಹಿಂದಿನಿಂದ ಯಾರೋ ಬಾಳೆಹಣ್ಣು ಕೊಟ್ಟರು. ಕಂಡಕ್ಟರು ಟಿಕೆಟ್ಟು ಹರಿಯುವ ಮುಂಚೆ ಒಂದು ಸಲ ಕೈಮುಗಿದ. ನಾನು ಬೇಡ ಎನ್ನುವುದನ್ನು ಬಿಟ್ಟೆ. ನಿಜ ಹೇಳಬೇಕೆಂದರೆ ಹೊಳಲ್ಕೆರೆ ಹತ್ತಿರ ಬರುವಾಗ ನಾನೂ ಯಾರಿಗೂ ಕಾಣದಂತೆ ಒಂದು ಸಲ ಕಣ್ಣಿಗೊತ್ತಿಕೊಂಡೆ.

ಷೆಡ್ಡಿನಲ್ಲಿ ಡ್ರೈವರಣ್ಣ ಅದನ್ನು ಕಂಡವನೇ ಪರವಶನಾದ. "ಹಿಂಗೇ ಕೂರಿಸ್ರಿ ಮೇಸ್ತ್ರಿ, ಕೈಮುಗೀತೀನಿ, ತೊಳೀಬ್ಯಾಡ್ರಿ." ನಾನು ಸೀಮೆಎಣ್ಣೆಯ ಬಾಂಡ್ಲಿಯಲ್ಲಿ ಡಬ್ಬಿ ಮುಳುಗಿಸಿದೆ. ಅವನು ಆ ಕಡೆ ತಿರುಗಿ ನಿಂತು, ಬಾಳೆಹಣ್ಣು ಸುಲಿದು ತಿಂದ.

೬. ಒಂಚೂರು ಹೊಗೆ

ಡಬ್ಬಿ ಕೂರಿಸಿ, ಹೊಸ ರಬ್ಬರ್ ಕೊಳವೆ ಹಾಕಿ, ಎಣ್ಣೆ ಬದಲಿಸಿ ಎಂಜಿನ್ ಶುರು ಮಾಡಿದೆವು. ಮೊದಲು ಉಳಿದಿದ್ದ ಎಣ್ಣೆ ಸುಟ್ಟು ಸ್ವಲ್ಪ ಹೊಗೆ ಬಂತು. ಆಮೇಲೆ ನಿಂತಿತು. ಸೈಲೆನ್ಸರಿನ ಬಾಯಿಗೆ ಬಿಳಿ ಬಟ್ಟೆ ಹಿಡಿದೆ, ಕಲೆಯಾಗಲಿಲ್ಲ. ಎಣ್ಣೆ ಕಡ್ಡಿ ಕೂರಿಸಿದ ಕಡೆ ಕೂತಿತ್ತು. ಡ್ರೈವರಣ್ಣ ಹಿಂದೆ ತಿರುಗಿ ನೋಡಿದ, ಹೊಗೆ ಕಾಣಲಿಲ್ಲ. ಎಂಜಿನ್ ನಿಂತಿದೆ ಎಂದುಕೊಂಡು ಓಡುತ್ತಿದ್ದ ಎಂಜಿನ್ನಿಗೆ ಮತ್ತೆ ಸ್ಟಾರ್ಟರ್ ಕೊಟ್ಟ. ಕರ್ ಎಂದು ಅದು ಕಿರುಚಿಕೊಂಡ ಸದ್ದಿಗೆ ಬೇವಿನ ಮರದ ಕಾಗೆಗಳೆಲ್ಲ ಎದ್ದವು.

ನನಗೆ ಆ ದಿನ ಎಷ್ಟೋ ದಿನಗಳ ನಂತರ ಮೊದಲ ಸಲ ಊಟ ರುಚಿಸಿತು.

ಎಂಟು ದಿನ ಕಳೆದಿರಲಿಲ್ಲ, ಡಾಕ್ಟ್ರಮ್ಮ ಸಿಟ್ಟಿನಿಂದ ಬಂದರು. ಕಾರು ಕೆಟ್ಟಿತೇ ಎಂದು ನನ್ನ ಜೀವ ಹಾರಿತು.

"ಕಾರು ಚಿನ್ನದ ಹಾಗಿದೆ. ಆದರೆ ಯಾವ ಮನೆಗೆ ಹೋದ್ರೂ ನೀರು ಕಾದಿರಲ್ಲ! ಕೇಳಿದ್ರೆ, ಹೊಗೆ ಬರ್ಲಿಲ್ವಲ್ಲಮ್ಮ ಅಂತಾರೆ. ಕೈ ತೊಳೆಯೋಕೆ ನಾನು ಒಲೆ ಮುಂದೆ ಕಾಯ್ತಾ ಕೂರ್ಬೇಕು."

ಅದರ ಮರುದಿನ ಪಕ್ಕದ ಹಳ್ಳಿಯ ಗೌಡರು ಇಬ್ಬರನ್ನು ಜೊತೆಗೆ ಕರೆದುಕೊಂಡು ಬಂದರು. ಬೆಂಚಿನ ಮೇಲೆ ಕೂತು, ಎಲೆಯಡಿಕೆ ಹಾಕಿಕೊಂಡು, ಬಹಳ ಗಂಭೀರವಾಗಿ ಮಾತು ತೆಗೆದರು.

"ಮೇಸ್ತ್ರಿ, ನೀವು ಒಳ್ಳೇದಕ್ಕೇ ಮಾಡಿದೀರಿ, ಇಲ್ಲ ಅನ್ನಾಂಗಿಲ್ಲ. ಆದ್ರೆ ಹೆಂಗಸ್ರಿಗೆ ಗೊತ್ತಾಗ್ತಾ ಇಲ್ಲ. ಮೊದ್ಲಿನಷ್ಟು ಬ್ಯಾಡ. ಊರು ಹತ್ರ ಬಂದಾಗ ಒಂಚೂರು ಹೊಗೆ ಬರಂಗೆ ಮಾಡಿಕೊಡ್ರಿ. ನೀವು ಮನಸ್ ಮಾಡಿದ್ರೆ ಆಗದ್ದೇನೈತೆ?"

ನಾನು ನಕ್ಕು ನಕ್ಕು ಸುಸ್ತಾದೆ. ಆ ಸಂಜೆಯೇ ಚಿಕ್ಕಜಾಜೂರಿನ ಕಡೆ ಹೋಗುವವರ ಕೈಯಲ್ಲಿ ಅತ್ತೆಗೆ ಹೇಳಿ ಕಳಿಸಿದೆ: ಡಾಕ್ಟ್ರಮ್ಮನ ಕಾರು ಈಗ ಹೊಗೆ ಬಿಡುವುದಿಲ್ಲ, ನಾನೇ ನಿಲ್ಲಿಸಿದ್ದೇನೆ, ಹೊಗೆ ಕಾಯುತ್ತ ಕೂರಬೇಡಿ, ನೋವು ಕಾಣಿಸಿದ ಕೂಡಲೇ ಹಂಡೆಗೆ ಉರಿ ಹಾಕಿ. ನನ್ನ ಅತ್ತೆ, "ನಮ್ಮ ಅಳಿಯಂದ್ರು ಭಾಳ ಬುದ್ವಂತ್ರು" ಎಂದು ಕೇರಿಗೆಲ್ಲ ಹೇಳಿಕೊಂಡು ಬಂದರಂತೆ.

೭. ಕೆರೆ ಏರಿಯ ಮೇಲೆ

ಸಂಕ್ರಾಂತಿಗೆ ಇನ್ನೂ ನಾಲ್ಕು ದಿನ ಇತ್ತು. ಹೆಂಡತಿಯನ್ನು ನೋಡಿಕೊಂಡು ಬರಲು ನಾನು ಅತ್ತೆಯ ಮನೆಗೆ ಹೋಗಿದ್ದೆ. ಬೆಳಿಗ್ಗೆ ರೊಟ್ಟಿ ತಿನ್ನುತ್ತಿದ್ದಾಗಲೇ ಒಳಗೆ ಅವಳಿಗೆ ನೋವು ಶುರುವಾಯಿತು. ನನ್ನ ಬಾಮೈದ ಸೈಕಲ್ ಹತ್ತಿ ಚಿಕ್ಕಜಾಜೂರಿಗೆ ಹಾರಿದ, ಅಂಚೆ ಕಚೇರಿಯಿಂದ ಹೊಳಲ್ಕೆರೆಗೆ ಫೋನು ಮಾಡಿಸಲು. ಅತ್ತೆ ನಾನು ಹೇಳಿದ ಹಾಗೆಯೇ ಹಂಡೆಗೆ ಉರಿ ಹಾಕಿದರು. ನಾನು ಅಂಗಳದಲ್ಲಿ ಅಡ್ಡಾಡುತ್ತ, ಎಲ್ಲರ ಕಾಲಿಗೂ ತೊಡರುತ್ತಿದ್ದೆ. ಒಳಗಿನಿಂದ ಅವಳು ನರಳಿದಾಗಲೆಲ್ಲ ನನಗೆ ಹೋದ ವರ್ಷದ ಎತ್ತಿನ ಗಾಡಿಯ ಗಾಲಿಯ ಸದ್ದು ಕೇಳಿಸುತ್ತಿತ್ತು.

"ಅಳಿಯಂದ್ರೆ, ಇಲ್ಲಿ ನಿಂತು ಏನ್ಮಾಡ್ತೀರಿ? ಕೆರೆ ಏರಿ ಮ್ಯಾಲೆ ಹೋಗಿ ಡಾಕ್ಟ್ರಮ್ಮ ಬರ್ತಾರಾ ನೋಡ್ರಿ" ಎಂದು ಅತ್ತೆ ನನ್ನನ್ನು ಸಾಗಹಾಕಿದರು.

ಏರಿಯ ಮೇಲೆ ನಿಂತರೆ ಹೊಳಲ್ಕೆರೆ ಕಡೆಯ ಬಯಲೆಲ್ಲ ಕಾಣುತ್ತದೆ. ನಾನು ಕಣ್ಣಿಗೆ ಕೈ ಅಡ್ಡ ಹಿಡಿದು ನೋಡಿದೆ. ಹೊಗೆ ಇಲ್ಲ. ಅರ್ಧ ಗಂಟೆಯಾಯಿತು. ಹೊಗೆ ಇಲ್ಲ. ಫೋನು ಸಿಗಲಿಲ್ಲವೋ, ಡಾಕ್ಟ್ರಮ್ಮ ಬೇರೆ ಹಳ್ಳಿಗೆ ಹೋಗಿದ್ದಾರೋ, ಕಾರು ದಾರಿಯಲ್ಲಿ ನಿಂತಿತೋ! ಕೆಳಗೆ ಹುಣಿಸೆ ಮರಗಳ ಸಾಲಿನ ಹಿಂದೆ ಒಂದು ಕಾರು ಧೂಳೆಬ್ಬಿಸುತ್ತ ಊರ ಕಡೆ ಹೋಯಿತು. ಅದರಲ್ಲಿ ಹೊಗೆ ಇರಲಿಲ್ಲ. ಯಾರೋ ಭೀಮಸಮುದ್ರದ ವ್ಯಾಪಾರಿಯ ಕಾರು, ನೋಡು, ಎಷ್ಟು ಚೆನ್ನಾಗಿ ಇಟ್ಟುಕೊಂಡಿದ್ದಾರೆ ಎಂದುಕೊಂಡು ಮತ್ತೆ ದೂರಕ್ಕೆ ಕಣ್ಣು ಹಾಕಿದೆ.

ಇನ್ನೂ ಒಂದು ಗಂಟೆ. ನನಗೆ ಅಳುವೇ ಬಂತು. ಹಿರಿಯೂರಿನ ಆ ಅಕ್ಕನ ದೇವರ ಮುಂದಿದ್ದ ಡಬ್ಬಿಯನ್ನು ಕಿತ್ತು ತಂದದ್ದು ತಪ್ಪಾಯಿತು ಎಂದು ಆ ದೇವರಿಗೆ ನಿಂತಲ್ಲೇ ಕೈಮುಗಿದೆ. ಇನ್ನು ಮೇಲೆ ಬೆಂಚಿನವರ ಮಾತು ಕೇಳುತ್ತೇನೆ ಎಂದು ಹರಕೆ ಹೊತ್ತೆ. ಅಷ್ಟರಲ್ಲಿ ಬಯಲಿನ ಅಂಚಿನಲ್ಲಿ ಹೊಗೆ ಕಂಡಿತು! ಒಳ್ಳೆಯ ಗಟ್ಟಿ ಹೊಗೆ. "ಬಂದ್ರು, ಬಂದ್ರು!" ಎಂದು ಕೂಗುತ್ತ ಏರಿ ಇಳಿದು, ರಾಗಿ ಕೊಯ್ದ ಹೊಲದ ಕೂಳೆಯಲ್ಲಿ ಬರಿಗಾಲಲ್ಲಿ ಅರ್ಧ ಮೈಲಿ ಓಡಿದೆ. ಹೊಗೆ ಕೂ ಎಂದು ಕೂಗಿತು. ಚಿಕ್ಕಜಾಜೂರಿನಿಂದ ಹೊರಟ ರೈಲ್ವೆ ಎಂಜಿನ್.

ಹೊಲದ ನಡುವೆ ಕುಕ್ಕರಿಸಿದೆ. ಹಿಂದಿನಿಂದ ಯಾರೋ ಏದುಸಿರು ಬಿಡುತ್ತ ಬಂದರು. ಬಿಳಿ ಅಂಗಿ, ಹಣೆ ತುಂಬ ವಿಭೂತಿ. ಡ್ರೈವರಣ್ಣ!

"ಎಲ್ರಿ ಮೇಸ್ತ್ರಿ, ಊರೆಲ್ಲ ಹುಡುಕಿದೆ. ರೈಲಿನ ಹಿಂದೆ ಯಾಕೆ ಓಡ್ತಾ ಇದೀರಿ?"

"ಕಾರೆಲ್ಲಣ್ಣಾ? ಎಲ್ಲಿ ನಿಂತೋಯ್ತು? ಡಾಕ್ಟ್ರಮ್ಮ ಎಲ್ಲಿ?"

"ನಿಮ್ಮತ್ತೆ ಮನೆ ಮುಂದೆ ಐತೆ ಕಾರು. ಬಂದು ಒಂದು ಗಂಟೆ ಮ್ಯಾಲಾತು. ಏರಿ ಮ್ಯಾಲೆ ನಿಂತಿದ್ರಿ, ಹಾರನ್ ಹೊಡ್ದೆ, ಕೈ ಬೀಸ್ದೆ. ನೀವು ನೋಡಿ ಮುಖ ತಿರುಗಿಸ್ಕಂಡ್ರಿ. ಸಿಟ್ಟೇನೋ ಅಂದ್ಕಂಡೆ."

"ಹೊಗೆ ಬರ್ಲಿಲ್ವಲ್ಲಣ್ಣಾ!" ಎಂದೆ. ಬಾಯಿಂದ ಬಿದ್ದ ಮೇಲೆ ನನ್ನ ಮಾತು ನನಗೇ ಕೇಳಿಸಿತು.

ಅವನು ಹೊಲದಲ್ಲೇ ಕೂತು, ಅಂಗಿ ಕೊಳೆಯಾದೀತೆಂಬುದನ್ನೂ ಮರೆತು, ಹೊಟ್ಟೆ ಹಿಡಿದುಕೊಂಡು ನಕ್ಕ. ನಗುತ್ತಲೇ ಹೇಳಿದ: "ಹೆಣ್ಣು ಕೂಸು ಮೇಸ್ತ್ರಿ. ಇಬ್ರೂ ಚೆನ್ನಾಗವ್ರೆ. ಏಳ್ರಿ, ಹೋಗಾಣ."

ಅಂಗಳಕ್ಕೆ ಬರುವಷ್ಟರಲ್ಲಿ, ನಾನು ಹೊಗೆ ಕಾಯುತ್ತ ನಿಂತು ರೈಲಿನ ಹಿಂದೆ ಓಡಿದ ಸುದ್ದಿ, ಹೊಲದಲ್ಲಿದ್ದ ಹುಡುಗರ ಬಾಯಲ್ಲಿ ನನಗಿಂತ ಮೊದಲು ಬಂದಿತ್ತು. ಡಾಕ್ಟ್ರಮ್ಮ ಕಟ್ಟೆಯ ಮೇಲೆ ಕೂತು ಕಾಫಿ ಕುಡಿಯುತ್ತಿದ್ದರು. "ಬನ್ರಿ ಮೇಸ್ತ್ರಿ. ಇಷ್ಟು ಹಳ್ಳಿ ಸುತ್ತಿದೀನಿ, ಈ ಕಾರು ರಿಪೇರಿಯಾದ ಮೇಲೆ ನೀರು ಕಾದಿದ್ದ ಮನೆ ಇದೊಂದೇ. ಇನ್ನೂ ಹೊಗೆ ಕಾಯ್ತಾ ನಿಂತದ್ದು, ಅದನ್ನ ನಿಲ್ಲಿಸಿದ ಅಳಿಯ ಮಾತ್ರ" ಎಂದರು. ಒಳಗೆ ಕೂಸು ಕಿರ್ರನೆ ಅತ್ತಿತು. ಅಷ್ಟು ಒಳ್ಳೆಯ ಸದ್ದನ್ನು ನಾನು ಯಾವ ಎಂಜಿನ್ನಿನಲ್ಲೂ ಕೇಳಿಲ್ಲ. ಕಂಬ ಹಿಡಿದುಕೊಂಡು ಅತ್ತುಬಿಟ್ಟೆ.

ಒಳಗೆ ಹೋಗಲು ಬಿಡಲಿಲ್ಲ. ಕೂಸಿಗೆ ನೀರು ಹಾಕುತ್ತಿದ್ದರು. ನಾನು ಬಾಗಿಲ ಕಡೆಯೇ ನೋಡುತ್ತ ಅಂಗಳದಲ್ಲಿ ನಿಂತಿದ್ದೆ. ಸ್ವಲ್ಪ ಹೊತ್ತಿಗೆ ಅತ್ತೆ ಕೆಂಡಕ್ಕೆ ಸಾಂಬ್ರಾಣಿ ಹಾಕಿದರೆಂದು ಕಾಣುತ್ತದೆ. ಬಾಣಂತಿ ಕೋಣೆಯ ಕಿಟಕಿಯಿಂದ ಘಮಘಮ ಹೊಗೆ ಸುರುಳಿ ಸುರುಳಿಯಾಗಿ ಅಂಗಳಕ್ಕೆ ಬಂತು.

ಅದರ ಹಿಂದೆಯೇ ನನ್ನ ಹೆಂಡತಿಯ ದನಿ, ಸುಸ್ತಾಗಿದ್ದರೂ ನಗುತ್ತಿದ್ದ ದನಿ, ಇಡೀ ಕೇರಿಗೆ ಕೇಳುವಂತೆ ಬಂತು:

"ಅವ್ವಾ, ಈಗ ಅವರನ್ನ ಕರಿ. ಹೊಗೆ ಬಂತು."